ಹತ್ತಿಬೀಜದ ಮೂಲವನ್ನು ಪರೀಕ್ಷಿಸುವ ಕ್ರಮ
(ಕೊಪ್ಪಳ, ಗಂಗಾವತಿ, ಕುಷ್ಟಗಿ ಮತ್ತು ಯಲಬುರ್ಗಾ ಸೀಮೆಯ ಬೀಜೋತ್ಪಾದಕರ ಹಾಗೂ ಪರೀಕ್ಷಕರ ಉಪಯೋಗಕ್ಕಾಗಿ)

ವಿಷಯದ ಪ್ರಾಮುಖ್ಯ

ಪೇಟೆಯಲ್ಲಿ ಮಾರಾಟಕ್ಕೆ ಬರುವ ಪ್ರತಿಯೊಂದು ಸರಕಿಗೂ ಎರಡು ಬಗೆಯ ಗುಣಗಳುಂಟು. ಒಂದು ಗುಣವು ಸರಕಿನೊಳಗೇ ಇರುವದು. ಅದನ್ನು ತೂಕ, ಬಣ್ಣ, ಎಳೆಯ ಉದ್ದ, ಮೊಳಕೆಯ ಪ್ರಮಾಣ ಮುಂತಾದವುಗಳಿಂದ ಅಳೆಯಬಹುದು. ಇನ್ನೊಂದು ಗುಣವು ಸರಕು ಹುಟ್ಟಿದ ರೀತಿಗೆ ಸಂಬಂಧಪಟ್ಟದ್ದು. ಅದನ್ನು ಬೆಳೆದವರಾರು, ಅವರಿಗೆ ತಕ್ಕ ಕೂಲಿ ಮುಟ್ಟಿತೇ, ಬೆಳೆದ ಭೂಮಿಯೂ ಬಳಸಿದ ನೀರೂ ಮುಂದಿನ ತಲೆಗೆ ಉಳಿದಾವೇ ಎಂಬ ಪ್ರಶ್ನೆಗಳಿಗೆ ಸರಕನ್ನು ಎಷ್ಟು ತಿರುವಿ ನೋಡಿದರೂ ಉತ್ತರ ದೊರೆಯುವದಿಲ್ಲ. ಆದಕಾರಣ ಈ ಎರಡನೆಯ ಗುಣದ ಪರೀಕ್ಷೆಯು ಪ್ರಯೋಗಶಾಲೆಯಲ್ಲಿ ನಡೆಯತಕ್ಕದ್ದಲ್ಲ, ಹೊಲದಲ್ಲಿಯೇ ನಡೆಯತಕ್ಕದ್ದು.

ಇತ್ತೀಚಿನ ವರ್ಷಗಳಲ್ಲಿ ಹೊರದೇಶಗಳ ಬಟ್ಟೆಯ ವರ್ತಕರು ಇಂಥ ಪ್ರಶ್ನೆಗಳನ್ನು ಕೇಳತೊಡಗಿದ್ದಾರೆ. ಇಂಗ್ಲೆಂಡಿನಲ್ಲಿ 2015ರಲ್ಲಿ ಗುಲಾಮಗಿರಿಯನ್ನು ತಡೆಯುವ ಹೊಸ ಕಾಯಿದೆಯಾಯಿತು. ಜರ್ಮನಿಯಲ್ಲಿ 2021ರಲ್ಲಿ, ದೊಡ್ಡ ವ್ಯಾಪಾರಸಂಸ್ಥೆಗಳು ತಾವು ಕೊಳ್ಳುವ ಸರಕಿನ ಮೂಲವನ್ನು ವಿಚಾರಿಸಬೇಕೆಂಬ ಕಾಯಿದೆಯಾಗಿ, ಅದು 2023ರಿಂದ ಆಚರಣೆಗೆ ಬಂದಿತು. ಭಾರತವು ಬಾಲಕಾರ್ಮಿಕರನ್ನು ಕುರಿತ ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆಯ 138 ಮತ್ತು 182ನೆಯ ಒಡಂಬಡಿಕೆಗಳನ್ನು 2017ರಲ್ಲಿ ಅಂಗೀಕರಿಸಿತು. ಕೊಪ್ಪಳ ಸೀಮೆಯ ಒಕ್ಕಲಿಗನಿಗೆ ಇವು ದೂರದ ಸಂಗತಿಗಳೆಂದು ತೋರಬಹುದು. ಆದರೆ ಅವನ ಹೊಲದಲ್ಲಿ ಕಟ್ಟಿದ ಕಾಯಿಯ ಬೀಜದಿಂದಲೇ ಆ ಬಟ್ಟೆಯ ದಾರಿಯು ಆರಂಭವಾಗುವದು.

ಈ ಸೀಮೆಯ ಸ್ಥಿತಿ

1997ರಲ್ಲಿ ರಾಯಚೂರು ಜಿಲ್ಲೆಯಿಂದ ಬೇರ್ಪಟ್ಟ ಕೊಪ್ಪಳ ಜಿಲ್ಲೆಯಲ್ಲಿ ಮೊದಲು ಇದ್ದ ತಾಲೂಕುಗಳು ನಾಲ್ಕು. ಕಾರಟಗಿ, ಕನಕಗಿರಿ, ಕುಕನೂರುಗಳು ಅನಂತರ ಆದವು. ತುಂಗಭದ್ರೆಯ ನೀರು 1953ರಿಂದ ಕಾಲುವೆಗೆ ಹರಿಯಲು, ಗಂಗಾವತಿಯ ಕಡೆಯ ಭೂಮಿಯು ಭತ್ತದ ಕಣಜವಾಯಿತು. ಕುಷ್ಟಗಿ ಮತ್ತು ಯಲಬುರ್ಗಾಗಳ ಬಹುಭಾಗಕ್ಕೆ ಆ ಭಾಗ್ಯವಿಲ್ಲ. ಅಲ್ಲಿಯ ಎರೆ ಮತ್ತು ಮಸಾರಿ ಭೂಮಿಗಳು ಮಳೆಯನ್ನೂ ಕೊಳವೆಬಾವಿಯನ್ನೂ ನಂಬಿಕೊಂಡಿವೆ. ಮಳೆ ತಪ್ಪಿದ ವರ್ಷ ಕೂಲಿಯನ್ನು ಅರಸಿಕೊಂಡು ಮನೆಮಂದಿಯೆಲ್ಲ ಗುಳೇ ಹೋಗುವದು ಅಲ್ಲಿ ಹೊಸದಲ್ಲ.

ಇಂಥಲ್ಲಿ ಸ್ವಲ್ಪ ನೀರಿನಲ್ಲಿ ಒಂದೆರಡು ಎಕರೆಯಿಂದ ಹೆಚ್ಚು ಹಣವನ್ನು ತರಬಲ್ಲ ಬೆಳೆಯೆಂದರೆ ಬೀಜದ ಬೆಳೆ. ಹತ್ತಿಯ ಹೈಬ್ರಿಡ್ ಬೀಜವನ್ನೂ, ನೆರಳು ಪರದೆಯ ಮನೆಗಳಲ್ಲಿ ಟೊಮ್ಯಾಟೊ, ಮೆಣಸಿನಕಾಯಿ ಮುಂತಾದ ತರಕಾರಿಯ ಬೀಜವನ್ನೂ ಇಲ್ಲಿಯ ಒಕ್ಕಲಿಗರು ಕಂಪನಿಗಳಿಗಾಗಿ ಬೆಳೆದುಕೊಡುತ್ತಾರೆ. ಕಂಪನಿಗೂ ಒಕ್ಕಲಿಗನಿಗೂ ನಡುವೆ ಸಾಮಾನ್ಯವಾಗಿ ಆರ್ಗನೈಸರ್ ಎಂಬ ಮಧ್ಯಸ್ಥನಿರುವನು. ತಾಯಿತಂದೆ ತಳಿಗಳ ಬೀಜವನ್ನು ತಂದುಕೊಡುವವನೂ, ಮುಂಗಡ ಹಣ ಕೊಡುವವನೂ, ಬೆಳೆದ ಬೀಜವನ್ನು ಒಟ್ಟುಗೂಡಿಸುವವನೂ ಅವನೇ.

ಕೈಕೆಲಸದ ಬೀಜ

ಹೈಬ್ರಿಡ್ ಹತ್ತಿಯನ್ನು ವ್ಯಾಪಾರದ ಪ್ರಮಾಣದಲ್ಲಿ ಬೆಳೆಯುವದು ಭಾರತದಲ್ಲಿಯೇ ಮೊದಲು ಸಾಧ್ಯವಾಯಿತು. ಸೂರತ್ತಿನಲ್ಲಿ ಸಿ. ಟಿ. ಪಟೇಲರು 1970ರಲ್ಲಿ ಎಚ್-4 ಎಂಬ ತಳಿಯನ್ನು ಹೊರತಂದರು. ಧಾರವಾಡದಲ್ಲಿ ಬಿ. ಎಚ್. ಕಟರಕಿಯವರು 1972ರಲ್ಲಿ ವರಲಕ್ಷ್ಮಿಯನ್ನು ಹೊರತಂದರು. 1981ರಲ್ಲಿ ಅದೇ ಧಾರವಾಡದಿಂದ ಜಯಲಕ್ಷ್ಮಿ ಎಂಬ ಡಿಸಿಎಚ್-32 ಬಂದಿತು. 2002ರಲ್ಲಿ ಬಿಟಿ ಹತ್ತಿಗೆ ಅನುಮತಿ ದೊರೆತ ಮೇಲೆ ಹೈಬ್ರಿಡ್ ಬೀಜಕ್ಕೆ ಬೇಡಿಕೆಯು ಬಹಳವಾಗಿ ಹೆಚ್ಚಿತು.

ಈ ಬೀಜವು ಯಂತ್ರದಿಂದ ಆಗತಕ್ಕದ್ದಲ್ಲ. ಬಿತ್ತಿದ ಸುಮಾರು ಎರಡು ತಿಂಗಳಿಗೆ ಹೂ ಬರತೊಡಗಲು ಕ್ರಾಸಿಂಗ್ ಕೆಲಸವು ಆರಂಭವಾಗುವದು. ಮರುದಿನ ಅರಳತಕ್ಕ ಮೊಗ್ಗನ್ನು ಮಧ್ಯಾಹ್ನದ ಮೇಲೆ ಗುರುತಿಸಿ, ಹೆಬ್ಬೆರಳ ಉಗುರಿನಿಂದ ದಳಗಳನ್ನೂ ಕೇಸರಗಳ ಕೊಳವೆಯನ್ನೂ ಶಲಾಕೆಗೆ ಪೆಟ್ಟಾಗದಂತೆ ಬಿಡಿಸಿ, ಕಾಗದದ ಚೀಲವನ್ನು ತೊಡಿಸುವರು. ಮರುದಿನ ಮುಂಜಾನೆ ಗಂಡು ತಳಿಯ ಹೂವನ್ನು ತಂದು ಶಲಾಕೆಯ ತುದಿಗೆ ಪರಾಗವನ್ನು ಸವರಿ, ಗುರುತಿಗಾಗಿ ತೊಟ್ಟಿಗೆ ದಾರ ಕಟ್ಟುವರು. ಒಂದು ಗಂಡುಹೂವು ನಾಲ್ಕೈದು ಹೆಣ್ಣುಹೂಗಳಿಗೆ ಸಾಕಾಗುವದು. ಒಂದು ದಿನ ತಪ್ಪಿದರೆ ಆ ದಿನದ ಹೂವು ತನ್ನ ಪರಾಗದಿಂದಲೇ ಕಾಯಿಗಟ್ಟಿ ಬೀಜದ ಶುದ್ಧತೆಯನ್ನು ಕೆಡಿಸುವದು. ಆದುದರಿಂದ ಸುಮಾರು ಎರಡು ತಿಂಗಳ ಕಾಲ ಹಬ್ಬ, ಜಾತ್ರೆಗಳಲ್ಲಿಯೂ ಬಿಡುವಿಲ್ಲದೆ ಅನೇಕ ಆಳುಗಳು ಬೇಕಾಗುವರು.

ಪ್ರಮಾಣೀಕೃತ ಹೈಬ್ರಿಡ್ ಹತ್ತಿಬೀಜಕ್ಕೆ ಕನಿಷ್ಠ ಶೇಕಡಾ 75 ಮೊಳಕೆಯನ್ನೂ, ಬೆಳೆಸಿನೋಡುವ ಪರೀಕ್ಷೆಯಲ್ಲಿ ಕನಿಷ್ಠ ಶೇಕಡಾ 90 ತಳಿಶುದ್ಧತೆಯನ್ನೂ ಗೊತ್ತುಪಡಿಸಲಾಗಿದೆ. ಪ್ರಮಾಣೀಕೃತ ಬೀಜದ ಚೀಲಕ್ಕೆ ನೀಲಿ ಚೀಟಿಯೂ, ಕಂಪನಿಯು ತನ್ನ ಹೊಣೆಯ ಮೇಲೆ ಮಾರುವ ಬೀಜಕ್ಕೆ ಹಸಿರು ಚೀಟಿಯೂ ಇರುವವು. ಈ ಎರಡು ಚೀಟಿಗಳೂ ಬೀಜದ ಗುಣವನ್ನು ಹೇಳುತ್ತವೆಯೇ ಹೊರತು ಹೂವನ್ನು ಬಿಡಿಸಿದ ಕೈ ಯಾರದೆಂದು ಹೇಳುವದಿಲ್ಲ. ಹತ್ತು ವರ್ಷದ ಹುಡುಗಿ ಕ್ರಾಸಿಂಗ್ ಮಾಡಿದ ಬೀಜವೂ ಮೂವತ್ತು ವರ್ಷದ ಹೆಂಗಸು ಮಾಡಿದ ಬೀಜವೂ ಒಂದೇ ತೆರನಾಗಿ ಮೊಳೆಯುವವು.

ದೋಷವು ಸೇರುವ ಬಗೆ

ಬೀಜದ ಹೊಲಗಳಲ್ಲಿ ಮಕ್ಕಳು, ಅವರಲ್ಲಿಯೂ ಹೆಣ್ಣುಮಕ್ಕಳು, ದುಡಿಯುವ ಸಂಗತಿಯನ್ನು ದಾವುಲೂರಿ ವೆಂಕಟೇಶ್ವರಲು ಅವರು ಅನೇಕ ವರ್ಷ ಅಭ್ಯಾಸಮಾಡಿದ್ದಾರೆ. 2015ರಲ್ಲಿ ಪ್ರಕಟವಾದ ಅವರ ವರದಿಯು ಕರ್ನಾಟಕವನ್ನೂ ಒಳಗೊಂಡು ಆರು ರಾಜ್ಯಗಳನ್ನು ಕುರಿತದ್ದು. 2014-15ರಲ್ಲಿ ಹತ್ತಿಬೀಜದ ಹೊಲಗಳಲ್ಲಿ 14 ವರ್ಷಕ್ಕಿಂತ ಕಡಿಮೆಯ ಸುಮಾರು 2 ಲಕ್ಷ ಮಕ್ಕಳು ದುಡಿಯುತ್ತಿದ್ದರೆಂದು ಅದರಲ್ಲಿ ಅಂದಾಜು ಮಾಡಲಾಗಿದೆ. ಇದು ಒಟ್ಟು ಆಳುಗಳ ಸುಮಾರು ಕಾಲುಭಾಗ.

ಎಳೆಯ ಬೆರಳುಗಳಿಗೇ ಈ ಕೆಲಸ ಒಗ್ಗುವದೆಂದು ಹೇಳುವ ರೂಢಿಯುಂಟು. ಇದು ಸಲ್ಲದ ಮಾತು. ಬಿತ್ತುವದು, ಕಳೆ ತೆಗೆಯುವದು, ಹೂ ಕಟ್ಟುವದು, ಕಸೂತಿ ಹಾಕುವದು, ಇವೆಲ್ಲವನ್ನೂ ನೇರ್ಪಾಗಿ ಮಾಡುವ ಹೆಂಗಸರ ಕೈಗೆ ಹತ್ತಿಯ ಹೂವು ದೊಡ್ಡದಲ್ಲ. ನಿಜವಾದ ಕಾರಣಗಳು ಬೇರೆ. ಮಕ್ಕಳ ಕೂಲಿ ಕಡಿಮೆ. ಅವರು ಹೆಚ್ಚು ಹೊತ್ತು ದುಡಿಯುವರು, ಎದುರು ಮಾತಾಡುವದಿಲ್ಲ. ತಂದೆತಾಯಿಗಳು ಬೇಸಗೆಯಲ್ಲಿಯೇ ಮುಂಗಡ ತೆಗೆದುಕೊಂಡಿದ್ದರೆ ಕೆಲಸ ಬಿಟ್ಟು ಹೋಗುವ ಹಾಗೂ ಇಲ್ಲ.

ಇದರ ಬೇರು ಬೆಲೆಯಲ್ಲಿದೆ. ಕೇಂದ್ರ ಸರ್ಕಾರವು 2015ರ ಆಜ್ಞೆಯ ಮೂಲಕ ಬಿಟಿ ಹತ್ತಿಬೀಜದ ಪೊಟ್ಟಣವನ್ನು ಕೊಳ್ಳುವ ಒಕ್ಕಲಿಗನಿಗಾಗಿ ಮಾರಾಟದ ಗರಿಷ್ಠ ಬೆಲೆಯನ್ನು ಗೊತ್ತುಪಡಿಸುವ ಏರ್ಪಾಡು ಮಾಡಿತು. ಅದೇ ಬೀಜವನ್ನು ಬೆಳೆದುಕೊಟ್ಟವನಿಗೆ ಇಷ್ಟು ಬೆಲೆಯಾದರೂ ಸಲ್ಲಬೇಕೆಂಬ ತಳಮಿತಿಯನ್ನು ಆ ಆಜ್ಞೆಯು ಹೇಳುವದಿಲ್ಲ. ಬೆಳೆದವನಿಗೆ ಹಣ ಸಿಕ್ಕುವದು ಶುದ್ಧತೆಯ ಪರೀಕ್ಷೆ ಮುಗಿದು, ಬೀಜವು ಪಾಸಾದ ಮೇಲೆ. ಕೂಲಿಯನ್ನಾದರೋ ವಾರವಾರವೂ ಕೊಡಬೇಕು. ಔಷಧ, ಗೊಬ್ಬರ, ಮುಂಗಡದ ಬಡ್ಡಿ ಇವುಗಳಲ್ಲಿ ಯಾವದನ್ನೂ ಕಡಿಮೆ ಮಾಡಲು ಅವನಿಂದಾಗದು. ಅವನ ಕೈಯಲ್ಲಿ ಕಡಿಮೆ ಮಾಡಬಲ್ಲದ್ದು ಕೂಲಿಯೊಂದೇ. ದೋಷವು ಒಳಸೇರುವದು ಈ ಕಿಂಡಿಯಿಂದ.

ಕಾಯಿದೆಯ ಸಂಗ್ರಹ

1986ರ ಬಾಲಕಾರ್ಮಿಕ ಕಾಯಿದೆಯನ್ನು 2016ರಲ್ಲಿ ತಿದ್ದಲಾಯಿತು. ಅಂದಿನಿಂದ 14 ವರ್ಷ ತುಂಬದ ಮಗುವನ್ನು ಯಾವದೇ ಉದ್ಯೋಗದಲ್ಲಿ ನೇಮಿಸುವದು ಅಪರಾಧ. ಹೊಲದ ಕೆಲಸವೂ ಅದರಲ್ಲಿ ಸೇರಿದೆ. ನೇಮಿಸಿದವನಿಗೆ 6 ತಿಂಗಳಿಂದ 2 ವರ್ಷದವರೆಗೆ ಸೆರೆವಾಸ, ಇಲ್ಲವೆ 20,000ದಿಂದ 50,000 ರೂಪಾಯಿಯವರೆಗೆ ದಂಡ, ಇಲ್ಲವೆ ಎರಡೂ ಆಗಬಹುದು. ಶಾಲೆಯ ಹೊತ್ತು ಮುಗಿದ ಮೇಲೆ ಅಥವಾ ರಜೆಯಲ್ಲಿ, ಅಪಾಯವಿಲ್ಲದ ಮನೆಗೆಲಸದಲ್ಲಿ ಮಗುವು ತನ್ನ ಕುಟುಂಬಕ್ಕೆ ನೆರವಾಗಲು ಮಾತ್ರ ಅವಕಾಶವಿದೆ. ಕುಟುಂಬವೆಂದರೆ ತಂದೆತಾಯಿ, ಒಡಹುಟ್ಟಿದವರು, ತಂದೆಯ ಮತ್ತು ತಾಯಿಯ ಒಡಹುಟ್ಟಿದವರು ಇಷ್ಟೇ. ಆದಕಾರಣ ಮುಯ್ಯಾಳೆಂದು ನೆರೆಯವರ ಹೊಲಕ್ಕೆ ಮಗುವನ್ನು ಕಳುಹಿಸುವದು ಈ ವಿನಾಯಿತಿಗೆ ಒಳಪಡದು. 6ರಿಂದ 14 ವರ್ಷದ ಮಗುವಿಗೆ ಶಿಕ್ಷಣದ ಹಕ್ಕನ್ನು 2009ರ ಕಾಯಿದೆಯು ಕೊಟ್ಟಿದೆ. ಮುಂಗಡದ ಸಾಲಕ್ಕಾಗಿ ದುಡಿಸಿಕೊಳ್ಳುವದನ್ನು 1976ರ ಜೀತಪದ್ಧತಿ ನಿರ್ಮೂಲನ ಕಾಯಿದೆಯು ನಿಷೇಧಿಸಿದೆ.

ಪರೀಕ್ಷೆಯ ಕ್ರಮ

1. *ಹೊತ್ತು.* ಕ್ರಾಸಿಂಗ್ ಕೆಲಸವು ಮುಂಜಾನೆಯೂ ಇಳಿಹೊತ್ತಿನಲ್ಲಿಯೂ ನಡೆಯುವದು. ನಡುಹಗಲಿನಲ್ಲಿ ಹೋದ ಪರೀಕ್ಷಕನಿಗೆ ಬರಿಯ ಹೊಲವು ಕಾಣುವದು. ಮೊದಲೇ ಸುದ್ದಿ ಕೊಟ್ಟು ಹೋದವನಿಗೆ ಸಿದ್ಧಪಡಿಸಿದ ಹೊಲವು ಕಾಣುವದು. ಒಂದೇ ಹೊಲವನ್ನು ಒಂದು ಸಲ ಮುಂಜಾನೆ 9 ಗಂಟೆಗೂ, ಇನ್ನೊಂದು ಸಲ ಸಾಯಂಕಾಲ 4 ಗಂಟೆಗೂ, ಹಂಗಾಮಿನ ನಡುವೆ ಬೇರೆ ಬೇರೆ ವಾರಗಳಲ್ಲಿ ನೋಡತಕ್ಕದ್ದು.

2. *ದಾರದ ಲೆಕ್ಕ.* ಹೂವಿನ ತೊಟ್ಟಿಗೆ ಕಟ್ಟಿದ ದಾರವು ಒಳ್ಳೆಯ ಸಾಕ್ಷಿ. ಹೊಲದ ಐದು ಕಡೆ ಹತ್ತು ಹತ್ತು ಗಿಡಗಳಲ್ಲಿ ದಾರ ಕಟ್ಟಿದ ಕಾಯಿಗಳನ್ನು ಎಣಿಸಿ ಸರಾಸರಿಯನ್ನು ತೆಗೆಯಬೇಕು. ಉದಾಹರಣೆಗಾಗಿ ಗಿಡಕ್ಕೆ 40 ಕಾಯಿಗಳೂ, ಎಕರೆಗೆ 2,500 ಹೆಣ್ಣುಗಿಡಗಳೂ ಇವೆಯೆಂದು ಭಾವಿಸಿದರೆ, ಕಡಿಮೆಪಕ್ಷ 1,00,000 ಹೂಗಳಿಗೆ ಕ್ರಾಸಿಂಗ್ ಆಗಿದೆ. ನುರಿತ ಒಬ್ಬ ಹೆಂಗಸು ಇಳಿಹೊತ್ತು ಮತ್ತು ಮುಂಜಾನೆ ಸೇರಿ 250 ಹೂಗಳನ್ನು ಮುಗಿಸುವಳೆಂದು ಅದೇ ಹೊಲದಲ್ಲಿ ನೋಡಿ ತಿಳಿದರೆ, ಬೇಕಾದ ಆಳುದಿನಗಳು 400. ಕೂಲಿಯ ಪುಸ್ತಕದಲ್ಲಿ 180 ಆಳುದಿನಗಳೂ, ಮನೆಯ ಇಬ್ಬರು ದೊಡ್ಡವರು 50 ದಿನ ದುಡಿದ 100 ಆಳುದಿನಗಳೂ ಸಿಕ್ಕರೆ, ಉಳಿದ 120 ಆಳುದಿನಗಳ ಕೆಲಸವನ್ನು ಮಾಡಿದವರಾರು? ಕ್ರಾಸಿಂಗ್ ಮಾಡಿದ ಹೂಗಳಲ್ಲಿ ಬಹಳವು ದಾರಸಹಿತವಾಗಿಯೇ ಉದುರಿ ಹೋಗುವದರಿಂದ ನಿಜವಾದ ಕೊರತೆಯು ಇದಕ್ಕಿಂತ ಹೆಚ್ಚಾಗಿರುವದೇ ಹೊರತು ಕಡಿಮೆಯಾಗಿರದು. ಈ ಲೆಕ್ಕವು ತಪ್ಪನ್ನು ಸಿದ್ಧಪಡಿಸುವದಿಲ್ಲ. ಕೇಳಬೇಕಾದ ಪ್ರಶ್ನೆಯನ್ನು ಮಾತ್ರ ತೋರಿಸಿಕೊಡುವದು.

3. *ಶಾಲೆಯ ಹಾಜರಿ.* ಹೊಲದ ಪುಸ್ತಕವನ್ನು ಬರೆಯುವವನು ಬೇರೆ, ಶಾಲೆಯ ಪುಸ್ತಕವನ್ನು ಬರೆಯುವವರು ಬೇರೆ. ಕ್ರಾಸಿಂಗಿನ ಎರಡು ತಿಂಗಳಲ್ಲಿ ಐದರಿಂದ ಎಂಟನೆಯ ತರಗತಿಯ ಹೆಣ್ಣುಮಕ್ಕಳ ಹಾಜರಿಯು ಇಳಿದು, ಕೆಲಸ ಮುಗಿದ ಮೇಲೆ ಏರಿದರೆ ಅದಕ್ಕೆ ಬೇರೆ ಸಾಕ್ಷಿ ಬೇಕಾಗುವದಿಲ್ಲ. ಹಾಜರಿ ಪುಸ್ತಕದೊಡನೆ ಬಿಸಿಯೂಟದ ಎಣಿಕೆಯನ್ನೂ ಹೋಲಿಸಿ ನೋಡುವದು ಲೇಸು.

4. *ವಯಸ್ಸು.* ನೋಟದಿಂದ ವಯಸ್ಸನ್ನು ನಿರ್ಣಯಿಸತಕ್ಕದ್ದಲ್ಲ. ಅರೆಹೊಟ್ಟೆಯಲ್ಲಿ ಬೆಳೆದ ಹದಿನಾರರ ಹುಡುಗಿಯು ಹನ್ನೆರಡರವಳಂತೆ ಕಾಣಬಹುದು. ಬಾಲನ್ಯಾಯ ಕಾಯಿದೆಯು (2015) ಶಾಲೆಯ ಪ್ರಮಾಣಪತ್ರವನ್ನು ಮೊದಲನೆಯ ಆಧಾರವಾಗಿಯೂ, ಅದಿಲ್ಲದಿದ್ದರೆ ಪಂಚಾಯತಿ ಅಥವಾ ಪುರಸಭೆಯ ಜನನಪತ್ರವನ್ನೂ, ಎರಡೂ ಇಲ್ಲದಿದ್ದಾಗ ಮಾತ್ರ ವೈದ್ಯರ ಪರೀಕ್ಷೆಯನ್ನೂ ಹೇಳಿದೆ. ಇದೇ ಕ್ರಮವನ್ನು ಅನುಸರಿಸುವದು ಯುಕ್ತ.

5. *ಮಾತು.* ಆಳುಗಳೊಡನೆ ಮಾತಾಡುವಾಗ ಹೊಲದ ಒಡೆಯನೂ ಆರ್ಗನೈಸರನೂ ದೂರವಿರಬೇಕು. ಹೆಂಗಸರೊಡನೆ ಹೆಂಗಸರೇ ಮಾತಾಡಿದರೆ ಒಳ್ಳೆಯದು. ಮುಂಗಡ ತೆಗೆದುಕೊಂಡಿದ್ದೀರಾ ಎಂದು ನೇರವಾಗಿ ಕೇಳಿದರೆ ಇಲ್ಲವೆಂಬ ಉತ್ತರವೇ ಬರುವದು. ಕೆಲಸ ಯಾವಾಗ ಗೊತ್ತಾಯಿತು, ಬೇರೆ ಹೊಲದಲ್ಲಿ ಹೆಚ್ಚು ಕೂಲಿ ಸಿಕ್ಕರೆ ನಾಳೆ ಅಲ್ಲಿಗೆ ಹೋಗಬಹುದೇ ಎಂದು ಕೇಳಿದರೆ ನಿಜವು ತಾನಾಗಿ ಹೊರಬೀಳುವದು.

6. *ಔಷಧ ಮತ್ತು ನೀರು.* ಔಷಧದ ಡಬ್ಬಿಯ ಮೇಲಿನ ತ್ರಿಕೋನದ ಬಣ್ಣವನ್ನು ನೋಡಬೇಕು. ಕೆಂಪು ಅತ್ಯುಗ್ರ ವಿಷ, ಅನಂತರ ಹಳದಿ, ನೀಲಿ, ಹಸಿರು. ಔಷಧ ಹೊಡೆದ ದಿನವನ್ನೂ ಆಳುಗಳು ಹೊಲಕ್ಕೆ ಇಳಿದ ದಿನವನ್ನೂ ಹೋಲಿಸಬೇಕು, ಏಕೆಂದರೆ ಕ್ರಾಸಿಂಗ್ ಮಾಡುವವರ ಕೈ ಮುಖಗಳು ದಿನವೆಲ್ಲ ಎಲೆ ಹೂಗಳಿಗೆ ತಗಲುತ್ತಿರುವವು. ಕೊಳವೆಬಾವಿಯ ಆಳ, ಕೊರೆದ ವರ್ಷ, ಸುತ್ತಲೂ ಬತ್ತಿದ ಬಾವಿಗಳ ಸಂಖ್ಯೆ ಇವನ್ನು ಬರೆದಿಡಬೇಕು. ಹನಿ ನೀರಾವರಿಯೂ ಕೃಷಿಹೊಂಡವೂ ಇರುವ ಹೊಲಕ್ಕೆ ಬೀಜದ ಕರಾರಿನಲ್ಲಿ ಮೊದಲ ಸ್ಥಾನವಿರುವದು ನ್ಯಾಯ.

ಗುರುತು ಮುಂದಕ್ಕೆ ಸಾಗುವ ಬಗೆ

ಹೊಲದಲ್ಲಿ ಕಂಡ ಸತ್ಯವು ಸರಕಿನೊಡನೆ ಮುಂದಕ್ಕೆ ಸಾಗದಿದ್ದರೆ ವ್ಯರ್ಥ. ಇದಕ್ಕೆ ಮೂರು ಕ್ರಮಗಳುಂಟು. ಒಂದೊಂದು ಹೊಲದ ಸರಕನ್ನೂ ಕೊನೆಯವರೆಗೆ ಬೇರೆಯಾಗಿಯೇ ಇಡುವದು ಮೊದಲನೆಯದು. ಪರೀಕ್ಷೆಯಾದ ಸರಕನ್ನು ತಮ್ಮತಮ್ಮಲ್ಲಿ ಬೆರಸಿ, ಪರೀಕ್ಷೆಯಾಗದ್ದರೊಡನೆ ಬೆರಸದಿರುವದು ಎರಡನೆಯದು. ಎಲ್ಲವನ್ನೂ ಬೆರಸಿ, ಕೊಂಡಷ್ಟೇ ತೂಕವನ್ನು ಒಳ್ಳೆಯದೆಂದು ಮಾರುವ ಲೆಕ್ಕದ ಸರಿದೂಗಿಕೆಯು ಮೂರನೆಯದು. ಬೆಟರ್ ಕಾಟನ್ ಎಂಬ ಹತ್ತಿಯ ಸಂಸ್ಥೆಯು ಬಹುಕಾಲ ಈ ಮೂರನೆಯ ಕ್ರಮವನ್ನು ಅನುಸರಿಸಿ, 2023ರಲ್ಲಿ ಸರಕನ್ನೇ ಗುರುತಿಸುವ ಕ್ರಮವನ್ನೂ ಸೇರಿಸಿತು.

ಬರಿಯ ಕಾಗದವನ್ನು ನಂಬಿದರೆ ಏನಾಗುವದೆಂಬದಕ್ಕೆ 2020ರ ಸಂಗತಿಯು ಸಾಕು. ಆ ವರ್ಷ ಗಾಟ್ಸ್ ಎಂಬ ಸಾವಯವ ಬಟ್ಟೆಯ ಪ್ರಮಾಣಸಂಸ್ಥೆಯು, ಭಾರತದಲ್ಲಿ ಸುಳ್ಳು ವ್ಯವಹಾರಪತ್ರಗಳ ಮೂಲಕ ಸುಮಾರು 20,000 ಟನ್ ಹತ್ತಿಯನ್ನು ಸಾವಯವವೆಂದು ತೋರಿಸಿದ್ದನ್ನು ಹೊರಗೆಡಹಿತು. ಇಂಥ ಮೋಸವನ್ನು ಹಿಡಿಯುವ ಉಪಾಯವು ಸರಳ: ಹೊಲದ ವಿಸ್ತೀರ್ಣವನ್ನು ಎಕರೆಯ ಇಳುವರಿಯಿಂದ ಗುಣಿಸಿ, ಮಾರಿದ ಚೀಲಗಳ ತೂಕದೊಡನೆ ಹೋಲಿಸುವದು. ಬೆಳೆದದ್ದಕ್ಕಿಂತ ಮಾರಿದ್ದು ಹೆಚ್ಚಾದರೆ ಎಲ್ಲಿಯೋ ಬೆರಕೆಯಾಗಿದೆ. ಗಂಗಾವತಿಯ ಅಕ್ಕಿಗೂ ಇದೇ ಲೆಕ್ಕವು ಸಲ್ಲುವದು.

ಇನ್ನೊಂದು ಸಂಗತಿಯನ್ನು ಮರೆಯಲಾಗದು. ಬಟ್ಟೆಯ ವರ್ತಕರು ಮೂಲವನ್ನು ಹುಡುಕುತ್ತ ಸಾಮಾನ್ಯವಾಗಿ ಹತ್ತಿಯ ಜಿನ್ನಿಗೆ, ಹೆಚ್ಚೆಂದರೆ ಅರಳೆ ಬೆಳೆದ ಹೊಲಕ್ಕೆ ಬಂದು ನಿಲ್ಲುವರು. ಆ ಹೊಲಕ್ಕೆ ಬಿತ್ತಿದ ಬೀಜವು ಯಾವ ಹೊಲದಲ್ಲಿ ಹುಟ್ಟಿತೆಂದು ಕೇಳುವವರು ವಿರಳ. ಒಂದು ಎಕರೆಯ ಬೀಜವು ನೂರಾರು ಎಕರೆಗೆ ಬಿತ್ತನೆಯಾಗುವದರಿಂದ, ಕುಷ್ಟಗಿಯ ಒಂದು ಹೊಲದಲ್ಲಿ ಆದ ಅನ್ಯಾಯವು ದೂರದ ಸಾವಿರ ಮನೆಗಳ ಬಟ್ಟೆಯಲ್ಲಿ ಸೇರಿಹೋಗುವದು. ಬೀಜದ ಪೊಟ್ಟಣದ ಮೇಲಿನ ಲಾಟ್ ನಂಬರಿನಿಂದ ಹಿಮ್ಮುಖವಾಗಿ ಬೆಳೆದ ಊರುಗಳ ಪಟ್ಟಿಯನ್ನು ತೆಗೆಯುವದು ಕಂಪನಿಗೆ ಕಠಿಣವಲ್ಲ; ಶುದ್ಧತೆಗಾಗಿ ಆ ಲೆಕ್ಕವನ್ನು ಅದು ಈಗಾಗಲೇ ಇಟ್ಟಿರಬೇಕಾಗುವದು. ಅದೇ ಪಟ್ಟಿಗೆ ಕೂಲಿಯ ಕಾಲಮನ್ನೂ ಸೇರಿಸಿದರೆ ಸಾಕು.

ದೋಷ ಕಂಡುಬಂದಾಗ

ಪರೀಕ್ಷೆಯ ಉದ್ದೇಶವು ಮಗುವನ್ನು ಹೊಲದಿಂದ ಶಾಲೆಗೆ ಮುಟ್ಟಿಸುವದು. ಹೊಲದಿಂದ ಓಡಿಸುವದಷ್ಟೇ ಅಲ್ಲ. ಕೂಡಲೇ ಕರಾರನ್ನು ರದ್ದುಮಾಡಿದರೆ ಒಕ್ಕಲಿಗನು ಸಾಲದಲ್ಲಿ ಬೀಳುವನು. ಮಗುವು ಪರೀಕ್ಷಕನು ಕಾಲಿಡದ ಇನ್ನೊಂದು ಹೊಲಕ್ಕೆ ಹೋಗುವದು. ಮುಂದಿನ ವರ್ಷ ಊರಿನವರೆಲ್ಲ ಮುಚ್ಚಿಡುವದನ್ನು ಕಲಿಯುವರು. ಆದಕಾರಣ ಮಗುವನ್ನು ಕೆಲಸದಿಂದ ಬಿಡಿಸಿ, ಕಾಯಿದೆಯ ಪ್ರಕಾರ ತಿಳಿಸಬೇಕಾದ ಅಧಿಕಾರಿಗಳಿಗೆ ತಿಳಿಸಿ, 1098ರ ಮಕ್ಕಳ ಸಹಾಯವಾಣಿಯ ನೆರವನ್ನು ಪಡೆದು, ಅದೇ ಮನೆಯ ದೊಡ್ಡವರಿಗೆ ಆ ಕೆಲಸವನ್ನು ಪೂರ್ಣ ಕೂಲಿಗೆ ಕೊಡಿಸುವದು ಮೊದಲ ಹೆಜ್ಜೆ. ಬಿಟ್ಟ ಪಾಠಗಳನ್ನು ಕಲಿಸಲು ಮುಖ್ಯಾಧ್ಯಾಪಕರೊಡನೆ ಮಾತಾಡುವದು ಎರಡನೆಯದು. ಬೀಜದ ಬೆಲೆಯಲ್ಲಿ ದೊಡ್ಡವರ ಕೂಲಿಯು ಅಡಕವಾಗಿದೆಯೇ ಎಂದು ಕಂಪನಿಯನ್ನು ಕೇಳುವದು ಮೂರನೆಯದು. ಎಕರೆಗೆ ಬೇಕಾದ ಆಳುದಿನಗಳನ್ನು ಸರ್ಕಾರವು ಗೊತ್ತುಪಡಿಸಿದ ಕನಿಷ್ಠ ಕೂಲಿಯಿಂದ ಗುಣಿಸಿ, ಇತರ ಖರ್ಚನ್ನು ಕೂಡಿಸಿದಾಗ ಕರಾರಿನ ಬೆಲೆಯು ಅದಕ್ಕಿಂತ ಕಡಿಮೆಯಾದರೆ, ದೋಷದ ಹೊಣೆಯು ಒಕ್ಕಲಿಗನೊಬ್ಬನದೇ ಅಲ್ಲ. ಎಚ್ಚರಿಸಿದ ಮೇಲೆಯೂ ಮತ್ತೆ ಮತ್ತೆ ತಪ್ಪುವವನ ಕರಾರನ್ನು ಮಾತ್ರ ಕಡಿದುಹಾಕತಕ್ಕದ್ದು.

ಒಕ್ಕಲಿಗರಿಗೆ ಸೂಚನೆಗಳು

(ಅ) ಬಿತ್ತುವ ಮೊದಲೇ ಬೆಲೆ, ಹಣ ಮುಟ್ಟುವ ದಿನ, ಪರೀಕ್ಷೆಯಲ್ಲಿ ಫೇಲಾದರೆ ಆಗುವ ನಷ್ಟದ ಹಂಚಿಕೆ ಇವುಗಳನ್ನು ಕನ್ನಡದಲ್ಲಿ ಬರೆಸಿ ಒಂದು ಪ್ರತಿಯನ್ನು ಇಟ್ಟುಕೊಳ್ಳಬೇಕು.

(ಆ) ದೊಡ್ಡ ಆಳುಗಳು ಎಷ್ಟು ಜನ ಸಿಕ್ಕುವರೋ ಅಷ್ಟೇ ಗುಂಟೆಗಳಲ್ಲಿ ಬೀಜದ ಬೆಳೆಯನ್ನು ಹಾಕಬೇಕು.

(ಇ) ಕೂಲಿಯ ಪುಸ್ತಕದಲ್ಲಿ ಆಳಿನ ಹೆಸರು, ವಯಸ್ಸು, ದಿನ, ಕೊಟ್ಟ ಹಣ ಮತ್ತು ಸಹಿಯನ್ನು ದಿನದಿನವೂ ಬರೆಯಬೇಕು.

(ಈ) ಒಂದೇ ಊರಿನ ಬೆಳೆಗಾರರು ಒಟ್ಟುಗೂಡಿ ಕರಾರಿನ ಮಾತಾಡಿದರೆ ಬೆಲೆಯನ್ನು ಕೇಳುವ ಬಲ ಬರುವದು. ಒಬ್ಬೊಬ್ಬನೇ ಕೇಳಿದರೆ ಕರಾರು ನೆರೆಯ ಊರಿಗೆ ಹೋಗುವದು.

ಶುದ್ಧ ಬೀಜವೆಂದು ಹೆಸರಾದ ಸೀಮೆಗೆ ಕಂಪನಿಗಳು ತಾವಾಗಿಯೇ ಬಂದವು. ದೊಡ್ಡವರ ಕೈಯಿಂದಲೇ ಆದ ಬೀಜವೆಂದು ಲೆಕ್ಕಸಹಿತ ತೋರಿಸಬಲ್ಲ ಊರು, ಮೂಲವನ್ನು ವಿಚಾರಿಸುವ ವರ್ತಕನ ಎದುರಿಗೆ ತನ್ನ ಬೆಲೆಯನ್ನು ಹೇಳಬಲ್ಲದು. ಆ ಲೆಕ್ಕಕ್ಕೆ ಬೇಕಾದ ಪುಸ್ತಕಗಳು ಎರಡೇ: ಹೊಲದ ಕೂಲಿಯ ಪುಸ್ತಕ ಮತ್ತು ಊರಿನ ಶಾಲೆಯ ಹಾಜರಿ ಪುಸ್ತಕ. ಬರುವ ಹಂಗಾಮಿನಲ್ಲಿ ಇವೆರಡೂ ಒಂದಕ್ಕೊಂದು ಹೊಂದುವಂತೆ ಬೆಳೆಗಾರರೂ ಪರೀಕ್ಷಕರೂ ನೋಡಿಕೊಳ್ಳತಕ್ಕದ್ದು.